ಚಕ್ಕುಬಂದಿಯಲ್ಲಿ ಇರುವವಳನ್ನು ಒಮ್ಮೆ ಕರೆದು ಕೇಳಿ

ಗೆ,
ಮಾನ್ಯ ನ್ಯಾಯಾಧೀಶರು,
ಅಲೌಕಿಕ ವ್ಯಾಜ್ಯಗಳ ನ್ಯಾಯಾಲಯ,
ಕಾರವಾರ (ಅಂದಾಜು ವಿಳಾಸ)

ಸ್ವಾಮಿ,

ನಿಮ್ಮ ಕೋರ್ಟು ಎಲ್ಲೂ ಇಲ್ಲ ಅನ್ನುವುದು ನನಗೆ ಗೊತ್ತು. ಅದನ್ನು ಕಟ್ಟಿದವನು ನಾನೇ. ಆದರೂ ನಿಮಗೆ ಪತ್ರ ಬರೆಯುತ್ತಿದ್ದೇನೆ, ಅದೂ ಎಲ್ಲರಿಗೂ ಕಾಣುವ ಹಾಗೆ. ಇರುವ ಕೋರ್ಟುಗಳು ಈ ಕೇಸನ್ನು ತೆಗೆದುಕೊಳ್ಳುವುದಿಲ್ಲ. ತೆಗೆದುಕೊಳ್ಳಬೇಕು ಎಂದು ನಾನೂ ಹೇಳುವುದಿಲ್ಲ.

ಶಿರಸಿಯಲ್ಲಿ ಪತ್ರ ಬರೆಯುವುದು ನನ್ನ ಕಸುಬು. ಕ್ರಯಪತ್ರ, ವಾಟಣಿಪತ್ರ, ಮೃತ್ಯುಪತ್ರ, ಬಾಂಡು, ಅಫಿಡವಿಟ್ಟು, ಪಹಣಿ ತಿದ್ದುಪಡಿಗೆ ಅರ್ಜಿ. ಮೂವತ್ತು ವರ್ಷವಾಯಿತು. ಆಗಾಗ ಕಕ್ಷಿದಾರರ ಜೊತೆ ಕಾರವಾರಕ್ಕೂ ಹೋಗಬೇಕಾಗುತ್ತದೆ. ದೇವಿಮನೆ ಘಟ್ಟ ಇಳಿದು, ಕುಮಟೆ, ಅಂಕೋಲೆ ದಾಟಿ ಮುಟ್ಟುವಷ್ಟರಲ್ಲಿ ಅರ್ಧ ದಿನ ಹೋಗುತ್ತದೆ. ಇನ್ನರ್ಧ ದಿನ ಹೊರಗೆ ಕಟ್ಟೆಯ ಮೇಲೆ ಕೂತು ಕಾಯುವುದು. ಸಂಜೆಗೆ ಮುಂದಿನ ಮುದ್ದತ್ತಿನ ತಾರೀಕು ಸಿಗುತ್ತದೆ. ಹಾಗೆ ಕಾಯುತ್ತ ಕೂತಾಗಲೇ ನನ್ನ ತಲೆಯೊಳಗೆ ನಿಮ್ಮ ಕೋರ್ಟು ಶುರುವಾದದ್ದು. ಅಲ್ಲಿ ಕಕ್ಷಿದಾರರು ದೇವರು, ಭೂತ, ಊರು ಕಾಯುವ ಚೌಡಿ, ಜಟಕ, ಶಾಪ ಕೊಟ್ಟವರು, ಶಾಪ ತಾಗಿದವರು, ಹರಕೆ ಹೊತ್ತು ಮರೆತವರು. ಕೋರ್ಟ್ ಫೀ ಒಂದು ತೆಂಗಿನಕಾಯಿ.

ಈಗ ಬರೆಯಲು ಒಂದು ಕಾರಣ ಇದೆ. ಹೇಳಲು ನಾಚಿಕೆ. ಅದಕ್ಕೆ ಮೊದಲು ಬೇರೆ ಕೇಸುಗಳನ್ನು ಹೇಳಿ, ಆಮೇಲೆ ನನ್ನದಕ್ಕೆ ಬರುತ್ತೇನೆ. ನಮ್ಮ ಕಡೆ ಸಾಲ ಕೇಳಲು ಬಂದವರೂ ಮೊದಲು ಮಳೆ ವಿಷಯವನ್ನೇ ಮಾತಾಡುವುದು.

ನಿಮ್ಮ ಮುಂದೆ ಎಲ್ಲಕ್ಕಿಂತ ಹಳೆಯ ಕೇಸು ಗೋಕರ್ಣದ್ದು. ವಾದಿ ರಾವಣ, ಪ್ರತಿವಾದಿ ಗಣಪತಿ. ನಮ್ಮ ಜಿಲ್ಲೆಯ ಮಕ್ಕಳಿಗೆಲ್ಲ ಕಥೆ ಗೊತ್ತು. ಆತ್ಮಲಿಂಗವನ್ನು ದಾರಿಯಲ್ಲಿ ನೆಲಕ್ಕಿಡಬಾರದು ಎಂಬ ಷರತ್ತು ಇತ್ತು. ವಿಷ್ಣು ಸೂರ್ಯನಿಗೆ ಚಕ್ರ ಅಡ್ಡ ಹಿಡಿದ. ಸಂಜೆಯಾಯಿತು ಎಂದುಕೊಂಡ ರಾವಣ, ಮಾಣಿಯ ವೇಷದಲ್ಲಿದ್ದ ಗಣಪತಿಯ ಕೈಗೆ ಲಿಂಗ ಕೊಟ್ಟು ಸಂಧ್ಯಾವಂದನೆಗೆ ಹೋದ. ಮೂರು ಸಲ ಕರೆಯುತ್ತೇನೆ, ಬರದಿದ್ದರೆ ಕೆಳಗಿಡುತ್ತೇನೆ ಎಂದು ಗಣಪತಿ ಮೊದಲೇ ಹೇಳಿದ್ದ. ಗಡಿಬಿಡಿಯಲ್ಲಿ ಮೂರು ಸಲ ಕರೆದ, ಇಟ್ಟೇಬಿಟ್ಟ.

ನಾನು ರಾವಣನ ಕಡೆಯ ಪತ್ರ ಬರೆಯುವವನಾಗಿದ್ದರೆ ಕೇಳುತ್ತಿದ್ದೆ: ಒಂದು ಕರೆಗೂ ಇನ್ನೊಂದು ಕರೆಗೂ ಎಷ್ಟು ಅಂತರ ಇರಬೇಕು? ಷರತ್ತಿನಲ್ಲಿ ಅದು ಬರೆದಿಲ್ಲ. ನಮ್ಮ ಕೋರ್ಟಿನ ಜವಾನನೂ ಬಾಗಿಲಲ್ಲಿ ನಿಂತು ಮೂರು ಸಲ ಹೆಸರು ಕೂಗುತ್ತಾನೆ. ಕೆಲವರ ಹೆಸರನ್ನು ಒಂದೇ ಉಸಿರಿನಲ್ಲಿ. ಚಹಾ ಕುಡಿಯಲು ಹೋದವನು ವಾಪಸ್ ಬರುವಷ್ಟರಲ್ಲಿ ಎಕ್ಸ್‌ಪಾರ್ಟಿ, ಅಂದರೆ ಅವನ ಗೈರಿನಲ್ಲೇ ತೀರ್ಮಾನ, ಆಗಿರುತ್ತದೆ. ರಾವಣನದ್ದೂ ಎಕ್ಸ್‌ಪಾರ್ಟಿಯೇ. ಜೊತೆಗೆ ಸಂಜೆಯೇ ಸುಳ್ಳು ಸಂಜೆ. ಅದಕ್ಕೆ ಸೂರ್ಯನನ್ನೇ ಸಾಕ್ಷಿಗೆ ಕರೆಸಬೇಕು.

ಗಣಪತಿಯ ಕಡೆಯವರು ಕಾಲಮಿತಿ ಮೀರಿದೆ ಅನ್ನುತ್ತಾರೆ. ಮೀರಿಲ್ಲ. ಬ್ರಹ್ಮನ ಒಂದು ಹಗಲೆಂದರೆ ನಮ್ಮ 432 ಕೋಟಿ ವರ್ಷ. ಆ ಲೆಕ್ಕ ಹಿಡಿದರೆ ರಾವಣ ಇನ್ನೂ ನೀರಿನಿಂದ ಮೇಲೆ ಬಂದು ಪಂಚೆ ಹಿಂಡುತ್ತಿದ್ದಾನೆ.

ಆದರೆ ಗೆದ್ದರೆ ಅವನಿಗೆ ಏನನ್ನು ಕೊಡಿಸುತ್ತೀರಿ? ಲಿಂಗ ಕಿತ್ತರೆ ಬರಲಿಲ್ಲ. ಸಿಟ್ಟಿನಲ್ಲಿ ಎಸೆದ ಪೆಟ್ಟಿಗೆ ಕಾರವಾರದ ಸಜ್ಜೇಶ್ವರವಾಯಿತು. ಮುಚ್ಚಳ ಗುಣವಂತೆಯಲ್ಲಿ ಬಿತ್ತು, ದಾರ ಧಾರೇಶ್ವರದಲ್ಲಿ, ಬಟ್ಟೆ ಮುರುಡೇಶ್ವರದಲ್ಲಿ. ಒಂದು ಪೊಟ್ಟಣದಿಂದ ಐದು ಊರಿಗೆ ದೇವಸ್ಥಾನ, ರಥ, ಜಾತ್ರೆ, ಹೂವಿನ ಅಂಗಡಿ ಎಲ್ಲ ಆಯಿತು. ಡಿಕ್ರಿ ಜಾರಿ ಮಾಡಲು ಹೋದ ಬೇಲಿಫ್ ಜೀವಸಹಿತ ವಾಪಸ್ ಬರುವುದು ಕಷ್ಟ. ರಾಜಿ ಮಾಡಿಸಿ. ಗೋಕರ್ಣದಲ್ಲಿ ರಾವಣನ ಹೆಸರಿಗೂ ಒಂದು ಮಂಗಳಾರತಿ ಆಗಲಿ, ಅಷ್ಟೇ ನನ್ನ ಅಭಿಪ್ರಾಯ.

ಯಾಣದ ಕೇಸು ಇಷ್ಟು ಉದ್ದ ಇಲ್ಲ. ಅದು ನೇರ ನನ್ನ ಕಸುಬಿಗೆ ಸಂಬಂಧಿಸಿದ್ದು. ತಲೆ ಮುಟ್ಟಿದರೆ ಬೂದಿಯಾಗಲಿ ಎಂದು ಭಸ್ಮಾಸುರ ಕೇಳಿದ, ಶಿವ ಹೂಂ ಅಂದ. ‘ವರ ಕೊಟ್ಟವರನ್ನು ಹೊರತುಪಡಿಸಿ’ ಎಂಬ ಮೂರು ಶಬ್ದ ಸೇರಿಸುವವರು ಹತ್ತಿರ ಯಾರೂ ಇರಲಿಲ್ಲ. ಶಿವ ಓಡಿದ, ಮೋಹಿನಿ ಬಂದಳು, ಅಸುರ ಕುಣಿಯುತ್ತ ತನ್ನ ತಲೆಯ ಮೇಲೆ ತಾನೇ ಕೈ ಇಟ್ಟುಕೊಂಡ. ಅಲ್ಲಿಯ ಕಪ್ಪು ಬಂಡೆ ನೋಡಿದರೆ ಈಗಲೂ ಸುಟ್ಟ ಹಾಗೇ ಕಾಣುತ್ತದೆ. ಅದು ಸುಣ್ಣದ ಕಲ್ಲು ಎಂದು ಓದಿದವರು ಹೇಳುತ್ತಾರೆ. ಭೈರವೇಶ್ವರ ಶಿಖರ ಸುಮಾರು 120 ಮೀಟರು, ಮೋಹಿನಿ ಶಿಖರ 90. ಒಂದು ಪತ್ರವನ್ನು ಸರಿಯಾಗಿ ಬರೆಯದಿದ್ದರೆ ಎಷ್ಟು ಎತ್ತರದ ತೊಂದರೆ ಆಗುತ್ತದೆ ಎಂದು ಹೊಸಬರಿಗೆ ತೋರಿಸಲು ನನಗೆ ಅದೇ ಜಾಗ.

ಇನ್ನೊಂದು ಸಣ್ಣ ಸೂಚನೆ. ಕಾರವಾರದ ಖಾಪ್ರಿ ದೇವರನ್ನು ಸಾಕ್ಷಿಗೆ ಕರೆಸುವುದಾದರೆ ‘ಧೂಮಪಾನ ನಿಷೇಧಿಸಿದೆ’ ಬೋರ್ಡನ್ನು ಆ ದಿನ ಸ್ವಲ್ಪ ಮರೆ ಮಾಡಿ. ಸಿಗರೇಟು ಅವರಿಗೆ ಭಕ್ತರೇ ಕೊಡುವ ನೈವೇದ್ಯ.

ತಮಾಷೆ ಇಲ್ಲಿಗೆ ಸಾಕು.

ಇದು ಪೂರ್ತಿ ಕಟ್ಟುಕತೆ ಎಂದು ನಗುವವರಿಗೆ ಒಂದು ಮಾತು ಹೇಳಬೇಕು. ನಮ್ಮ ಸರ್ಕಾರಿ ಕೋರ್ಟುಗಳ ಒಳಗೇ ದೇವರಿಗೆ ಒಂದು ಕುರ್ಚಿ ಬಹಳ ಕಾಲ ಇತ್ತು. 1873ರ ಪ್ರಮಾಣ ಕಾಯ್ದೆಯಲ್ಲಿ ಒಂದು ವಿಚಿತ್ರ ಅವಕಾಶ ಇತ್ತು. ‘ಎದುರಿನವನು ಇಂಥ ಆಣೆ ಮಾಡಿ ಹೇಳಲಿ, ಹೇಳಿದ್ದಕ್ಕೆ ನಾನು ಬದ್ಧ’ ಎಂದು ಒಬ್ಬ ಪಕ್ಷಗಾರ ಹೇಳಬಹುದಿತ್ತು. ಎದುರಿನವನು ಒಪ್ಪಿ ಆಣೆ ಮಾಡಿದರೆ ಮುಗಿಯಿತು. ಸವಾಲು ಹಾಕಿದವನ ಮಟ್ಟಿಗೆ ಆ ಮಾತೇ ಕೊನೆಯ ಸಾಕ್ಷ್ಯ. 1969ರ ಹೊಸ ಕಾಯ್ದೆ ಇದನ್ನು ತೆಗೆದುಹಾಕಿತು. ಒಳ್ಳೆಯದೇ ಆಯಿತು. ಆದರೆ ಆಣೆ ಕೋರ್ಟು ಬಿಟ್ಟು ಹೋಯಿತೇ ಹೊರತು ಊರು ಬಿಟ್ಟು ಹೋಗಲಿಲ್ಲ.

ದೇವರ ಸಿಟ್ಟಿನ ಹೆದರಿಕೆ ಹಾಕಿ ಇನ್ನೊಬ್ಬರಿಂದ ಕೆಲಸ ಮಾಡಿಸಿಕೊಂಡರೆ ಒಂದು ವರ್ಷದವರೆಗೆ ಜೈಲು. 1860ರ ದಂಡ ಸಂಹಿತೆಯಲ್ಲಿ ಅದು 508ನೇ ಕಲಮು, ಹೊಸ ನ್ಯಾಯ ಸಂಹಿತೆಯಲ್ಲಿ 354. ನಮ್ಮ ರಾಜ್ಯ 2017ರಲ್ಲಿ ವಾಮಾಚಾರ, ಅಮಾನವೀಯ ಆಚರಣೆಗಳ ವಿರುದ್ಧ ಕಾಯ್ದೆ ಮಾಡಿತು, 2020ರಿಂದ ಅದೂ ಜಾರಿಯಲ್ಲಿದೆ. ಮೋಸ ಮಾಡಿದವರನ್ನು ಹಿಡಿಯಲು ಇವೆಲ್ಲ ಬೇಕು. ಆದರೆ ‘ದೇವರು ಹೀಗೆ ಹೇಳಿತು’ ಎಂದು ನಾಲ್ಕು ಜನ ಸೇರಿ ಮೆತ್ತಗೆ, ನಗುನಗುತ್ತ, ಅರಿಶಿನ ಕುಂಕುಮ ಹಚ್ಚಿ ತೀರ್ಮಾನ ಮಾಡಿದಾಗ ಯಾವ ಕಲಮೂ ಹತ್ತುವುದಿಲ್ಲ. ಅಲ್ಲಿ ಬೆದರಿಕೆ ಇಲ್ಲ, ಹಣ ಇಲ್ಲ, ರಕ್ತ ಇಲ್ಲ. ಒಂದು ಹೂವು ಇದೆ ಅಷ್ಟೇ.

ನನ್ನ ಚಿಕ್ಕಿಯ ವಿಷಯ ಹೇಳುತ್ತೇನೆ. ಆಗ ನನಗೆ ಎಂಟು ವರ್ಷ. ಚಿಕ್ಕಿಯನ್ನು ಘಟ್ಟದ ಕೆಳಗಿನ ಊರಿಗೆ ಕೊಟ್ಟಿದ್ದರು. ತುಂಬಿದ ಮನೆ. ಒಂದು ದಿನ ಆ ಮನೆಯ ಹಿರಿಯ ಸೊಸೆಯ ಸರ ಕಾಣೆಯಾಯಿತು. ಪೊಲೀಸರಿಗೆ ಹೇಳಿದರೆ ಮರ್ಯಾದೆ ಹೋಗುತ್ತದೆ ಎಂದು ದೇವರಲ್ಲಿ ಪ್ರಸಾದ ಕೇಳಿದರು. ಕರಾವಳಿಯವರಿಗೆ ಇದನ್ನು ವಿವರಿಸಬೇಕಿಲ್ಲ. ನೀರು ಹಚ್ಚಿ ಹೂವನ್ನು ದೇವರ ಮೈಗೆ ಅಂಟಿಸುತ್ತಾರೆ. ಬಲಕ್ಕೆ ಬಿದ್ದರೆ ಹೌದು, ಎಡಕ್ಕೆ ಬಿದ್ದರೆ ಇಲ್ಲ. ಕೆಲವು ಊರಿನಲ್ಲಿ ಊರದೇವರ ಪೂಜೆ ಮಾಡುವ ಗುನಗರು ಹೊತ್ತ ಕಳಸ ಉತ್ತರ ಕೊಡುತ್ತದೆ.

‘ಕದ್ದದ್ದು ಮನೆಯೊಳಗಿನವರೇ?’ ಬಲಕ್ಕೆ ಬಿತ್ತು. ‘ಹೆಂಗಸರೇ?’ ಬಲಕ್ಕೆ ಬಿತ್ತು. ‘ಈ ಮನೆಯಲ್ಲಿ ಹುಟ್ಟಿದವರೇ?’ ಎಡಕ್ಕೆ. ಹಿರಿಯ ಸೊಸೆ ತನ್ನ ಸರ ತಾನೇ ಕದಿಯುತ್ತಾಳಾ? ಉಳಿದ ಹೊರಗಿನ ಹೆಣ್ಣು ಚಿಕ್ಕಿ ಒಬ್ಬಳೇ. ನಾಲ್ಕನೇ ಪ್ರಶ್ನೆಯನ್ನು ಯಾರೂ ಕೇಳಲಿಲ್ಲ. ಕೇಳುವುದು ಸರಿಯಲ್ಲ ಎಂದು ಸುಮ್ಮನಾದರು. ಆ ಸುಮ್ಮನಾಗುವುದರಲ್ಲೇ ತೀರ್ಪು ಇತ್ತು.

ಸರ ಸಿಕ್ಕಿದ್ದು ಮುಂದಿನ ಮಳೆಗಾಲಕ್ಕೆ ಮೊದಲು, ಗುಂಡಿಯ ಗೊಬ್ಬರವನ್ನು ತೋಟಕ್ಕೆ ಹೊರುವಾಗ. ಕೊಟ್ಟಿಗೆಯಲ್ಲಿ ಹಾಲು ಕರೆಯುವಾಗ ಬಿದ್ದಿರಬೇಕು. ಸರ ತೊಳೆದು ದೇವರ ಮುಂದಿಟ್ಟು ಪಾಯಸ ಮಾಡಿದರು. ಚಿಕ್ಕಿಯ ಎದುರು ಯಾರೂ ಏನೂ ಹೇಳಲಿಲ್ಲ. ಮೊದಲೂ ಯಾರೂ ಬಾಯಿಬಿಟ್ಟು ಹೇಳಿರಲಿಲ್ಲ ನೋಡಿ, ಹಾಗಾಗಿ ವಾಪಸ್ ತೆಗೆದುಕೊಳ್ಳಲು ಮಾತೇ ಇರಲಿಲ್ಲ. ಇದಕ್ಕೆ ಯಾವ ಕೋರ್ಟಿನಲ್ಲಿ ಅಪೀಲು ಹಾಕುತ್ತೀರಿ?

ಚಿಕ್ಕಿ ಆ ಮನೆಯಲ್ಲೇ ಇನ್ನೂ ನಲವತ್ತು ವರ್ಷ ಬಾಳಿದಳು. ಆದರೆ ಮೈಮೇಲೆ ಕರಿಮಣಿ ಬಿಟ್ಟು ಬೇರೆ ಬಂಗಾರ ಹಾಕಲಿಲ್ಲ. ವಯಸ್ಸಾದ ಮೇಲೆ ಒಮ್ಮೆ ಕೇಳಿದ್ದೆ, ದೇವರ ಮೇಲೆ ಸಿಟ್ಟು ಬರಲಿಲ್ಲವಾ ಅಂತ. ಅಡಿಕೆ ಸುಲಿಯುತ್ತ ಕೂತಿದ್ದಳು. ತಲೆ ಎತ್ತದೆ ಹೇಳಿದಳು: “ದೇವ್ರು ಸುಳ್ಳು ಹೇಳ್ತ್ನಿಲ್ಲೆ ತಮಾ. ಕೇಳ್ದವ್ವು ಸರಿ ಕೇಳಿದ್ವಿಲ್ಲೆ.”

ಆ ಮಾತಿನ ಮೇಲೇ ನಿಮ್ಮ ಕೋರ್ಟಿನ ಗೋಡೆ ನಿಂತಿದೆ, ಸ್ವಾಮಿ. ದೇವರು ಇದ್ದಾನೋ ಇಲ್ಲವೋ ಎಂಬ ವಿಚಾರಣೆಗೆ ನೀವು ಬೇಕಿಲ್ಲ. ಅದು ಮುಗಿಯುವ ಮುದ್ದತ್ತೂ ಅಲ್ಲ. ದೇವರ ಪರವಾಗಿ ಕೇಳಿದವರು ಯಾರು, ಎಷ್ಟು ಸಲ ಕೇಳಿದರು, ಉತ್ತರದಿಂದ ಅವರಿಗೇನು ಲಾಭ, ಇಷ್ಟನ್ನು ಕಟಕಟೆಯಲ್ಲಿ ನಿಲ್ಲಿಸಿ ಕೇಳುವವರು ಬೇಕು.

ಹಾಗೆಯೇ ಎಲ್ಲವನ್ನೂ ನಿಮ್ಮ ಬಾಗಿಲಿಗೆ ತರುವವರನ್ನು ಹೊರಗೆ ಹಾಕಿ. 2024ರ ಜುಲೈ 16ರಂದು ಅಂಕೋಲೆ ಕಡೆಯ ಶಿರೂರಿನಲ್ಲಿ ಗುಡ್ಡ ಕುಸಿಯಿತು. ಮೂರು ವಾರಕ್ಕೆ ಕಾರವಾರದಲ್ಲಿ ಕಾಳಿ ನದಿಯ ಹಳೆಯ ಸೇತುವೆ ನಡುರಾತ್ರಿ ಕುಸಿದು ಬಿತ್ತು. ಇಂಥದ್ದನ್ನು ‘ದೈವೇಚ್ಛೆ’ ಎಂದು ಯಾರಾದರೂ ನಿಮ್ಮ ಮುಂದೆ ಫೈಲ್ ಮಾಡಿದರೆ ಮುಟ್ಟಬೇಡಿ. ಮಣ್ಣು, ನೀರು, ಕಬ್ಬಿಣ, ಕಾಂಕ್ರೀಟಿನ ಲೆಕ್ಕ ಭೂಮಿಯ ಮೇಲಿನ ಕೋರ್ಟಿನಲ್ಲೇ ಆಗಲಿ. ದೇವರನ್ನು ಜಾಮೀನಿಗೆ ನಿಲ್ಲಿಸಿ ಮನುಷ್ಯರು ಪಾರಾಗುವ ಜಾಗ ನಿಮ್ಮ ಕೋರ್ಟಾಗಬಾರದು.

ಈಗ ನನ್ನ ಕೇಸು.

ಶಿರಸಿ ಕಡೆಯ ಒಂದು ಊರು. ಹೆಸರು ಬೇಡ. ಊರಿಗೆ ಹೋಗುವ ದಾರಿಯ ತಿರುವಿನಲ್ಲಿ ಒಂದು ಸುರಗಿ ಮರ, ಅದರ ಬುಡದಲ್ಲಿ ಚೌಡಿ ಕಟ್ಟೆ. ಕಟ್ಟೆ ಅಂದರೆ ನಾಲ್ಕು ಕಲ್ಲು, ಒಂದು ತುಕ್ಕು ಹಿಡಿದ ತ್ರಿಶೂಲ, ಒಡೆದ ಹಣತೆಗಳು. ಸುರಗಿ ಹೂ ಬಿಡುವ ಕಾಲಕ್ಕೆ ದಾರಿಯಲ್ಲಿ ಹೋಗುವವರಿಗೆಲ್ಲ ಪರಿಮಳ. ಆ ಊರಿನ ಬಹಳಷ್ಟು ಪತ್ರಗಳನ್ನು ನಾನೇ ಬರೆದದ್ದು. ಅದರಲ್ಲಿ ಚಕ್ಕುಬಂದಿ, ಅಂದರೆ ಜಾಗದ ನಾಲ್ಕು ದಿಕ್ಕಿನ ಗಡಿ, ಬರೆಯುವಾಗ ‘ಪೂರ್ವಕ್ಕೆ ಚೌಡಿ ಕಟ್ಟೆ’, ‘ಉತ್ತರಕ್ಕೆ ಚೌಡಿ ಕಟ್ಟೆಗೆ ಹೋಗುವ ದಾರಿ’ ಎಂದು ಎಷ್ಟು ಸಲ ಬರೆದಿದ್ದೇನೋ ಲೆಕ್ಕ ಇಲ್ಲ. ಅಣ್ಣತಮ್ಮಂದಿರು ಹಿಸೆ ಆಗುವಾಗಲೂ ಅವಳಿಂದಲೇ ಅಳತೆ ಶುರು. ಎಲ್ಲರ ಆಸ್ತಿಯ ಗಡಿ ಹೇಳುವವಳು ಅವಳು. ಆದರೆ ಆ ಜಾಗದ ಪಹಣಿ ತೆಗೆದು ನೋಡಿ. ಒಂದು ಕಾಲಮಿನಲ್ಲಿ ಸರ್ಕಾರ ಇದೆ, ಇನ್ನೊಂದರಲ್ಲಿ ಸೊಪ್ಪಿನ ಬೆಟ್ಟದ, ಅಂದರೆ ತೋಟಕ್ಕೆ ಸೊಪ್ಪು ತರುವ ಕಾಡಿನ, ಹಕ್ಕುದಾರರ ಹೆಸರಿದೆ. ಎಕರೆ ತೋಟಕ್ಕೆ ಒಂಬತ್ತು ಎಕರೆ ಬೆಟ್ಟ ಎಂದು ಬ್ರಿಟಿಷರ ಕಾಲದಿಂದ ಬಂದ ಲೆಕ್ಕ ನಮ್ಮ ಕಡೆಯದು. ಎಲೆ ಉದುರುವ ಮರಕ್ಕೂ ದಾಖಲೆ ಇದೆ. ಚೌಡಿಗೆ ಯಾವ ಕಾಲಮೂ ಇಲ್ಲ.

ಎರಡು ವರ್ಷದ ಹಿಂದೆ ಆ ದಾರಿ ಅಗಲ ಮಾಡುವ ಕೆಲಸ ಬಂತು. ತಿರುವಿನಲ್ಲಿ ಒಂದು ಕಡೆ ಚೌಡಿ ಕಟ್ಟೆ, ಇನ್ನೊಂದು ಕಡೆ ಊರಿನ ದೊಡ್ಡ ತೋಟದ ಅಂಚು. ರಸ್ತೆ ಆ ಕಡೆ ಸರಿದರೆ ಸುಮಾರು ಮೂವತ್ತು ಫಲ ಬಿಡುವ ಅಡಿಕೆ ಮರ ಹೋಗುತ್ತದೆ. ಈ ಕಡೆ ಸರಿದರೆ ಒಂದು ಸುರಗಿ, ನಾಲ್ಕು ಕಲ್ಲು. ಚೌಡಿಯನ್ನೇ ಕೇಳೋಣ ಎಂದರು. ಒಳ್ಳೆಯ ಮಾತೇ. ಆದರೆ ಕೇಳಲು ಮುಂದಾದವರು ಆ ತೋಟದವರು.

ನಾನು ಆ ದಿನ ಅಲ್ಲಿದ್ದೆ. ನನ್ನನ್ನು ಕರೆಸಿದ್ದರು, ಆದ ತೀರ್ಮಾನವನ್ನು ಅಲ್ಲೇ ಬರೆದುಕೊಳ್ಳಲಿ ಎಂದು. ಮೊದಲನೇ ಹೂವು ಎಡಕ್ಕೆ ಬಿತ್ತು. ‘ನೀರು ಕಡಿಮೆಯಾಯಿತು, ಸರಿ ಅಂಟಲಿಲ್ಲ’ ಎಂದರು. ಎರಡನೆಯದು ಬೀಳಲೇ ಇಲ್ಲ. ಅರ್ಧ ಗಂಟೆ ಕಾದೆವು. ಯಾರೋ ವಾಚು ನೋಡಿದರು, ಯಾರೋ ಕೆಮ್ಮಿದರು. ಕೊನೆಗೆ ಅದನ್ನು ಕೈಯಲ್ಲೇ ತೆಗೆದು ಮೂರನೆಯದನ್ನು ಇಟ್ಟರು. ಅದು ಬಲಕ್ಕೆ ಬಿತ್ತು. ಎಲ್ಲರೂ ಒಟ್ಟಿಗೆ ಕೈ ಮುಗಿದರು. ನಾನೂ ಮುಗಿದೆ.

ಪ್ರತಿ ಅಮಾವಾಸ್ಯೆಗೆ ಆ ಕಟ್ಟೆಗೆ ದೀಪ ಇಡುವ ಒಬ್ಬ ಮುದುಕಿ ಇದ್ದಾಳೆ. ತೋಟದ ಕೆಲಸಕ್ಕೆ ಬರುವ ಮನೆಯವಳು. ಅವಳು ದೂರದಲ್ಲಿ ನಿಂತಿದ್ದಳು. ಅಲ್ಲಿಂದಲೇ ಕೇಳಿದಳು: “ಮೊದ್ಲನೇ ಹೂವು ಯಾಕೆ ಲೆಕ್ಕಕ್ಕಿಲ್ಲ ಒಡ್ಯಾ?”

ಯಾರೂ ಉತ್ತರ ಕೊಡಲಿಲ್ಲ. ಒಬ್ಬರು ಮಾತ್ರ ನನ್ನ ಕಡೆ ತಿರುಗಿ, “ಮಾರಿಯಮ್ಮನೇ ಕೋಣ ಬಿಟ್ಟು ಒಪ್ಪಿಕೊಂಡಿದ್ದಾಳಂತೆ, ಚೌಡಿ ಒಂದು ಕಲ್ಲು ಸರಿಸಿದರೆ ಬೇಡ ಅನ್ನುತ್ತಾಳಾ?” ಎಂದರು. ಈ ವಾದವನ್ನು ನಾನು ಹಗುರವಾಗಿ ತೆಗೆದುಕೊಳ್ಳುವುದಿಲ್ಲ. ಶಿರಸಿಯ ಮಾರಿಕಾಂಬೆಗೆ ಒಂದು ಕಾಲದಲ್ಲಿ ಕೋಣನ ಬಲಿ ಇತ್ತು. 1934ರಲ್ಲಿ ಗಾಂಧೀಜಿ ಶಿರಸಿಗೆ ಬಂದರು. ಬಲಿ ನಿಂತಿತು. ಜಾತ್ರೆ ನಿಲ್ಲಲಿಲ್ಲ, ಎರಡು ವರ್ಷಕ್ಕೊಮ್ಮೆ ಲಕ್ಷಗಟ್ಟಲೆ ಜನ ಈಗಲೂ ಸೇರುತ್ತಾರೆ, ಅಮ್ಮ ಗದ್ದುಗೆಗೆ ಬಂದು ಕೂರುತ್ತಾಳೆ. ದೇವರ ಜೊತೆಗಿನ ಕರಾರನ್ನು ಬದಲಿಸಬಹುದು, ಅದಕ್ಕೆ ನಮ್ಮ ಊರೇ ಸಾಕ್ಷಿ. ಆದರೆ ಅಲ್ಲಿ ಒಂದು ಜೀವ ಉಳಿಸಲು ಕರಾರು ಬದಲಾಯಿತು, ಊರೆದುರು ಚರ್ಚೆಯಾಗಿ ಬದಲಾಯಿತು. ಇಲ್ಲಿ ಆದದ್ದು ಒಂದು ಗಂಟೆಯೊಳಗೆ, ಮೂವತ್ತು ಅಡಿಕೆ ಮರಕ್ಕಾಗಿ.

ಆಮೇಲೆ ನನ್ನ ಕೆಲಸ. ನೂರು ರೂಪಾಯಿ ಬಾಂಡಿನ ಮೇಲೆ ನಾನು ಬರೆದದ್ದನ್ನು ಇಲ್ಲಿ ಹಾಗೇ ಕೊಡುತ್ತೇನೆ:

‘ಸದರಿ ಸ್ಥಳದ ಚೌಡಿ ದೇವಿಯಲ್ಲಿ ಪ್ರಸಾದ ಕೇಳಲಾಗಿ, ದೇವಿಯು ಸ್ವಖುಷಿಯಿಂದ, ಯಾರ ಒತ್ತಾಯವಾಗಲಿ ಆಮಿಷವಾಗಲಿ ಇಲ್ಲದೆ, ಸ್ಥಳಾಂತರಕ್ಕೆ ಪೂರ್ಣ ಒಪ್ಪಿಗೆ ನೀಡಿರುತ್ತಾಳೆ.’

ಕೈ ಅಭ್ಯಾಸದಲ್ಲಿ ಬಂದ ಸಾಲು ಅದು. ಪ್ರತಿ ಕ್ರಯಪತ್ರದಲ್ಲೂ ಇರುತ್ತದೆ. ಕೆಳಗೆ ಹನ್ನೊಂದು ಜನ ಸಾಕ್ಷಿ ಹಾಕಿದರು. ಬರೆದುಕೊಟ್ಟವರು ಎಂಬ ಜಾಗ ಮಾತ್ರ ಖಾಲಿ ಉಳಿಯಿತು. ಸಾಕ್ಷಿಗಳು ಹನ್ನೊಂದು, ಬರೆದುಕೊಟ್ಟವರು ಯಾರೂ ಇಲ್ಲ. ಅಂಥ ಪತ್ರವನ್ನು ನನ್ನ ಮೂವತ್ತು ವರ್ಷದಲ್ಲಿ ನಾನು ಬರೆದಿರಲಿಲ್ಲ. ಸಬ್‌ರಿಜಿಸ್ಟ್ರಾರ್ ಮುಂದೆ ಇಟ್ಟರೆ ಎಸೆಯುತ್ತಾರೆ. ಆದರೆ ಇದು ಅಲ್ಲಿಗೆ ಹೋಗುವ ಪತ್ರವೇ ಆಗಿರಲಿಲ್ಲ, ರಸ್ತೆಯವರಿಗೆ ತೋರಿಸಲು ಒಂದು ಕಾಗದ ಬೇಕಿತ್ತು. ನನಗೆ ಇನ್ನೂರು ರೂಪಾಯಿ ಸಿಕ್ಕಿತು. ಒಂದು ತೆಂಗಿನಕಾಯಿಯನ್ನೂ ಕೊಟ್ಟರು.

ವಾರದೊಳಗೆ ಮರ ಹೋಯಿತು. ಕಲ್ಲುಗಳನ್ನು ಎಲ್ಲಿಟ್ಟರು ಎನ್ನುವುದರಲ್ಲಿ ಎರಡು ಮಾತಿದೆ. ಹೊಸ ಕಟ್ಟೆ ಅಂತೂ ಆಗಿದೆ, ಬಿಳಿ ಟೈಲ್ಸ್ ಹಾಕಿ, ಮೇಲೆ ಶೀಟು ಹೊದಿಸಿ. ಮುದುಕಿ ಅಲ್ಲಿ ದೀಪ ಇಡುವುದಿಲ್ಲ. ಡಾಂಬರಿನ ಅಂಚಿನಲ್ಲಿ, ಹಿಂದೆ ಕಟ್ಟೆ ಇದ್ದ ಕಡೆ ಇಡುತ್ತಾಳೆ. ಲಾರಿ ಹೋದ ಗಾಳಿಗೆ ಆರುತ್ತದೆ. ಮತ್ತೆ ಹಚ್ಚುತ್ತಾಳೆ.

ಕಳೆದ ವರ್ಷ ಕಾರವಾರದ ಕಟ್ಟೆಯ ಮೇಲೆ ಕಾಯುತ್ತಿದ್ದಾಗ ಒಬ್ಬ ಹಿರಿಯ ವಕೀಲರ ಹತ್ತಿರ ಇದನ್ನು ಹೇಳಿದೆ. ಅವರು ನಕ್ಕು, ನೂರು ವರ್ಷ ಹಿಂದಿನ ಒಂದು ತೀರ್ಪಿನ ವಿಷಯ ತೆಗೆದರು. 1925ರಲ್ಲಿ ಲಂಡನ್ನಿನ ಪ್ರಿವಿ ಕೌನ್ಸಿಲ್, ಅಂದರೆ ಆಗಿನ ಕೊನೆಯ ಅಪೀಲಿನ ಕೋರ್ಟು, ಕೊಟ್ಟದ್ದು. ಕಲ್ಕತ್ತೆಯ ಮಲ್ಲಿಕ್ ಮನೆತನದವರ ಜಗಳ. ಮನೆದೇವರನ್ನು ಪೂಜೆಯ ಸರದಿ ಬಂದಾಗ ತನ್ನ ಮನೆಗೆ ಒಯ್ಯುತ್ತೇನೆ ಎಂದು ಒಬ್ಬ, ಕೂಡದು ಎಂದು ಇನ್ನೊಬ್ಬ. ವಿಗ್ರಹ ಎಂದರೆ ಕುರ್ಚಿ ಮೇಜಿನ ಹಾಗೆ ಎತ್ತಿಡುವ ಸಾಮಾನು ಅಲ್ಲ, ಅದು ಕಾನೂನಿನ ಕಣ್ಣಲ್ಲಿ ಒಬ್ಬ ವ್ಯಕ್ತಿ, ಎಲ್ಲಿರಬೇಕು ಎಂಬುದರಲ್ಲಿ ಅದರ ಇಚ್ಛೆಗೆ ಬೆಲೆ ಕೊಡಬೇಕು ಎಂದು ತೀರ್ಪು ಬಂತು. ಆ ಇಚ್ಛೆಯನ್ನು ಹೇಳುವವರು ಯಾರು? ಜಗಳದಲ್ಲಿ ಸ್ವಂತ ಲಾಭ ಇಲ್ಲದ ಒಬ್ಬ ಹಿತೈಷಿಯನ್ನು ಕೋರ್ಟೇ ನೇಮಿಸಬೇಕು, ದೇವರು ಅವರ ಮೂಲಕ ಮಾತಾಡಲಿ ಎಂದರಂತೆ.

ನಾನು ಚಹಾ ಲೋಟವನ್ನು ಹಾಗೇ ಹಿಡಿದುಕೊಂಡು ಕೂತೆ. ಚಿಕ್ಕಿ ಅಡಿಕೆ ಸುಲಿಯುತ್ತ ಹೇಳಿದ್ದನ್ನೇ ಆ ಬಿಳಿಯರು ಇಂಗ್ಲಿಷಿನಲ್ಲಿ ಬರೆದಿದ್ದಾರೆ ಅನಿಸಿತು.

ಹಾಗಾದರೆ ಚೌಡಿಯ ಕೇಸನ್ನು ಇಲ್ಲೇ ಹಾಕಬಹುದಲ್ಲವಾ ಎಂದು ಕೇಳಿದೆ. ಅವರು ತಲೆ ಆಡಿಸಿದರು. ಕಾನೂನಿಗೆ ಪ್ರತಿಷ್ಠೆಯಾದ ವಿಗ್ರಹ ಬೇಕು, ಪೂಜೆಯ ವ್ಯವಸ್ಥೆ ಬೇಕು, ನೋಡಿಕೊಳ್ಳುವವರು ಬೇಕು. 2019ರ ಅಯೋಧ್ಯೆ ತೀರ್ಪಿನಲ್ಲೂ ರಾಮಲಲ್ಲಾನನ್ನು ವ್ಯಕ್ತಿ ಎಂದು ಒಪ್ಪಿದರು, ಜನ್ಮಸ್ಥಾನದ ನೆಲವನ್ನೇ ವ್ಯಕ್ತಿ ಎಂದು ಒಪ್ಪಲಿಲ್ಲ. ಗಂಗೆ ಯಮುನೆಯನ್ನು 2017ರ ಮಾರ್ಚಿನಲ್ಲಿ ಉತ್ತರಾಖಂಡದ ಹೈಕೋರ್ಟು ವ್ಯಕ್ತಿ ಎಂದಿತು, ಜುಲೈನಲ್ಲಿ ಸುಪ್ರೀಂ ಕೋರ್ಟು ತಡೆ ಕೊಟ್ಟಿತು. ‘ಗಂಗೆಗೇ ಹೀಗಾದರೆ ನಿನ್ನ ಚೌಡಿಗೆ ಯಾರು ಮಣೆ ಹಾಕುತ್ತಾರೆ ಮಾರಾಯ’ ಎಂದು ವಕೀಲರು ಕೋಟು ಕೊಡವಿ ಒಳಗೆ ಹೋದರು.

ಅದಕ್ಕೇ ನಿಮ್ಮ ಹತ್ತಿರ ಬಂದದ್ದು. ನನ್ನ ಬೇಡಿಕೆ ಜಾಸ್ತಿ ಇಲ್ಲ. ರಸ್ತೆ ಅಗೆಸಿ ಎಂದು ಕೇಳುವುದಿಲ್ಲ. ಆ ರಸ್ತೆಯಲ್ಲಿ ಈಗ ಆಂಬುಲೆನ್ಸ್ ಬರುತ್ತದೆ, ಶಾಲೆ ಮಕ್ಕಳ ಬಸ್ಸು ಬರುತ್ತದೆ. ನಾನೂ ಅದರಲ್ಲೇ ಸ್ಕೂಟರ್ ಓಡಿಸುತ್ತೇನೆ. ತೋಟದವರನ್ನು ದಂಡಿಸಿ ಎಂದೂ ಕೇಳುವುದಿಲ್ಲ. ಮೂವತ್ತು ಅಡಿಕೆ ಮರ ಅಂದರೆ ಏನು ಎಂಬುದು ನನಗೂ ಗೊತ್ತು, ಕೊಳೆ ರೋಗ ಬಂದ ವರ್ಷ ಮೂರು ಮರವೂ ಲೆಕ್ಕಕ್ಕೆ ಬರುತ್ತದೆ.

ಚೌಡಿಗೆ ಒಂದು ನೋಟಿಸು ಕಳಿಸಿ. ಅವಳ ಹೆಸರನ್ನು ಮೂರು ಸಲ ಕೂಗಿಸುವುದಾದರೆ ನಡುವೆ ಸ್ವಲ್ಪ ಬಿಡುವು ಇರಲಿ. ಅವಳ ಪರ ಮಾತಾಡಲು ಆ ದೀಪ ಇಡುವ ಮುದುಕಿಯನ್ನು ನೇಮಿಸಿ. ಅಲ್ಲಿದ್ದವರಲ್ಲಿ ಏನೂ ಲಾಭ ಇಲ್ಲದವಳು ಅವಳೊಬ್ಬಳೇ. ಎಣ್ಣೆಯ ಖರ್ಚೂ ಅವಳದ್ದೇ. ಮೊದಲನೇ ಹೂವಿನ ವಿಷಯ ಅವಳು ಕೇಳಿದ ಪ್ರಶ್ನೆಯನ್ನು ದಾಖಲೆಯಲ್ಲಿ ಬರೆಸಿ. ಎರಡು ವರ್ಷವಾದರೂ ಆ ಪ್ರಶ್ನೆ ಯಾವ ಕಾಗದದಲ್ಲೂ ಇಲ್ಲ.

ನನ್ನನ್ನು ಅರ್ಜಿದಾರ ಎಂದು ಬರೆದುಕೊಳ್ಳಬೇಡಿ. ಪ್ರತಿವಾದಿಗಳ ಸಾಲಿನಲ್ಲಿ ಹಾಕಿ, ಒಂದನೇ ನಂಬರಿಗೆ. ಹನ್ನೊಂದು ಸಾಕ್ಷಿಗಳಿಗೂ ಮೊದಲು ಪೆನ್ನು ಹಿಡಿದವನು ನಾನು. ಎಡಕ್ಕೆ ಬಿದ್ದ ಹೂವನ್ನು ನಾನು ಕಣ್ಣಾರೆ ನೋಡಿದ್ದೆ. ‘ಎರಡು ಸಲ ಒಪ್ಪಿಗೆ ಆಗಲಿಲ್ಲ, ಮೂರನೆಯ ಸಲಕ್ಕೆ ಆಯಿತು’ ಎಂದು ಬರೆದಿದ್ದರೂ ಸಾಕಿತ್ತು. ಅಷ್ಟು ಬರೆಯಲು ಬಾಂಡಿನಲ್ಲಿ ಜಾಗ ಇತ್ತು.

ನಾನು ಇದನ್ನೆಲ್ಲ ನಂಬುತ್ತೇನಾ ಎಂದು ಪಾಟೀಸವಾಲಿನಲ್ಲಿ ಕೇಳುತ್ತಾರೆ, ಗೊತ್ತು. ಈಗಲೇ ಉತ್ತರ ಬರೆದುಕೊಳ್ಳಿ. ಹಗಲು ಹೊತ್ತು ನಂಬುವುದಿಲ್ಲ.

ನೋಟಿಸು ಮುಟ್ಟಿಸಲು ಅನುಕೂಲವಾಗಲಿ ಎಂದು ಕಟ್ಟೆಯ ಚಕ್ಕುಬಂದಿಯನ್ನು ಕೆಳಗೆ ಕೊಟ್ಟಿದ್ದೇನೆ. ಬೇರೆಯವರ ಆಸ್ತಿಗೆ ಅವಳನ್ನು ಗಡಿ ಮಾಡಿ ನೂರು ಸಲ ಬರೆದಿರಬಹುದು. ಅವಳದ್ದು ಅಂತ ಬರೆಯುವುದು ಇದೇ ಮೊದಲು.

ಪೂರ್ವಕ್ಕೆ: ಹಳ್ಳ. ಮಳೆಗಾಲದಲ್ಲಿ ಮಾತ್ರ ನೀರು.
ಪಶ್ಚಿಮಕ್ಕೆ: ಸೊಪ್ಪಿನ ಬೆಟ್ಟ.
ಉತ್ತರಕ್ಕೆ: ಡಾಂಬರು ರಸ್ತೆ. ಮೊದಲು ಗಾಡಿದಾರಿ.
ದಕ್ಷಿಣಕ್ಕೆ: ಸುರಗಿ ಮರ ಇದ್ದ ಜಾಗ. ಈಗ ಗುರುತಿಗೆ ಏನೂ ಇಲ್ಲ. ಬೇಲಿಫ್‌ಗೆ ಸಿಗದಿದ್ದರೆ ನನ್ನನ್ನು ಕರೆಯಲಿ, ಬಂದು ತೋರಿಸುತ್ತೇನೆ. ಬೆಳಕಿರುವಾಗಲೇ ಬಂದರೆ ಒಳ್ಳೆಯದು.

ಇತಿ,
ಒಬ್ಬ ಪತ್ರ ಬರೆಯುವವ,
ಶಿರಸಿ